ರಸ್ತೆ ಅಪಘಾತದ ಗಾಯಾಳು ಪರಿಹಾರ: ಮೊತ್ತ ಹೆಚ್ಚಳಕ್ಕೆ ಮೇಲ್ಮನವಿ

ರಸ್ತೆ ಅಪಘಾತದಲ್ಲಿ ಗಾಯಗೊಂಡವರಿಗೆ ಮೋಟಾರು ವಾಹನ ಅಪಘಾತ ಪರಿಹಾರ ನ್ಯಾಯಮಂಡಳಿ ಗೊತ್ತುಪಡಿಸಿದ ಮೊತ್ತ ಸಾಲದು ಎನಿಸಿದರೆ, ಅದನ್ನು ಹೆಚ್ಚಿಸುವಂತೆ ಹೈಕೋರ್ಟ್‌ಗೆ ಮೊರೆ ಹೋಗಲು 1988ರ ಮೋಟಾರು ವಾಹನ ಕಾಯ್ದೆಯ 173ನೇ ಕಲಂ ಅವಕಾಶ ಕೊಟ್ಟಿದೆ. ಕರ್ನಾಟಕದಲ್ಲಿ ಇಂಥ ಮೇಲ್ಮನವಿಯನ್ನು ‘ಸಂಕೀರ್ಣ ಪ್ರಥಮ ಮೇಲ್ಮನವಿ’ ಎಂದು ದಾಖಲಿಸುತ್ತಾರೆ. ವಕೀಲರ ಬಾಯಲ್ಲಿ ಅದು ‘ಎಂಎಫ್‌ಎ’. ಉತ್ತರ ಕನ್ನಡ ಜಿಲ್ಲೆಯ ಮುಂಡಗೋಡ ತಾಲೂಕಿನ ಅತ್ತಿವೇರಿ ಹಾಗೂ ಹಳಿಯಾಳ, ದಾಂಡೇಲಿ, ಜೋಯಿಡಾ ಭಾಗದ ಪ್ರಕರಣಗಳು ಹೈಕೋರ್ಟ್‌ನ ಧಾರವಾಡ ಪೀಠದ ವ್ಯಾಪ್ತಿಗೆ ಬರುತ್ತವೆ. ಮೇಲ್ಮನವಿ ಎಂದರೆ ಹೊಸ ವಿಚಾರಣೆಯಲ್ಲ. ನ್ಯಾಯಮಂಡಳಿಯಲ್ಲಿ ದಾಖಲಾದ ಸಾಕ್ಷ್ಯವನ್ನೇ ಮತ್ತೆ ತೂಗಿ ಲೆಕ್ಕ ಸರಿಪಡಿಸುವ ಕೆಲಸ ಅದು. ಆದ್ದರಿಂದ ಕೆಳಗೆ ಯಾವ ದಾಖಲೆ ಹಾಜರಾಗಿದೆ, ಯಾವ ವೈದ್ಯರು ಏನು ಸಾಕ್ಷಿ ನುಡಿದಿದ್ದಾರೆ ಎಂಬುದೇ ಮೇಲಿನ ಫಲಿತಾಂಶವನ್ನು ಬಹುಪಾಲು ನಿರ್ಧರಿಸುತ್ತದೆ.

ಕಾನೂನಿನ ಹಿನ್ನೆಲೆ

ಅಪಘಾತ ಪರಿಹಾರಕ್ಕೆ ಮೊದಲು ಸಿವಿಲ್ ದಾವೆಯೊಂದೇ ದಾರಿಯಾಗಿತ್ತು. 1939ರ ಮೋಟಾರು ವಾಹನ ಕಾಯ್ದೆಗೆ 1956ರಲ್ಲಿ ಆದ ತಿದ್ದುಪಡಿಯಿಂದ ಪ್ರತ್ಯೇಕ ನ್ಯಾಯಮಂಡಳಿಗಳು ಬಂದವು. ಅವುಗಳ ತೀರ್ಪಿನ ವಿರುದ್ಧ ಹೈಕೋರ್ಟ್‌ಗೆ ಹೋಗುವ ಹಕ್ಕು ಆ ಕಾಯ್ದೆಯ 110-ಡಿ ಕಲಮಿನಲ್ಲಿತ್ತು. 1989ರ ಜುಲೈ 1ರಿಂದ ಜಾರಿಗೆ ಬಂದ 1988ರ ಕಾಯ್ದೆ ಇದೇ ವ್ಯವಸ್ಥೆಯನ್ನು ಮುಂದುವರಿಸಿತು. ಇದರ 166ನೇ ಕಲಂ ಪರಿಹಾರ ಅರ್ಜಿಗೆ, 168 ನ್ಯಾಯಮಂಡಳಿಯ ಐತೀರ್ಪಿಗೆ, 171 ಬಡ್ಡಿಗೆ, 173 ಮೇಲ್ಮನವಿಗೆ, 174 ಹಣ ವಸೂಲಿಗೆ ಸಂಬಂಧಿಸಿವೆ. ಪರಿಹಾರಕ್ಕೆ ಸಂಬಂಧಿಸಿದ 2019ರ ತಿದ್ದುಪಡಿಯ ಭಾಗಗಳು 2022ರ ಏಪ್ರಿಲ್ 1ರಿಂದ ಜಾರಿಯಾದವು. ಮೂಲ ಅರ್ಜಿ ಸಲ್ಲಿಸಲು ಅಪಘಾತದ ದಿನದಿಂದ ಆರು ತಿಂಗಳ ಗಡುವು ಆಗ ಮರಳಿ ಬಂತು. ಅದರ ಸಿಂಧುತ್ವವನ್ನು ಸುಪ್ರೀಂ ಕೋರ್ಟ್‌ನಲ್ಲಿ ಪ್ರಶ್ನಿಸಲಾಗಿದೆ.

168ನೇ ಕಲಂ ನ್ಯಾಯಮಂಡಳಿಗೆ ಹೇಳುವುದು ‘ನ್ಯಾಯಯುತ’ ಎನಿಸುವ ಪರಿಹಾರ ಕೊಡು ಎಂದಷ್ಟೇ. ಗಾಯಕ್ಕೆ ಇಷ್ಟು, ಮೂಳೆ ಮುರಿತಕ್ಕೆ ಇಷ್ಟು ಎಂಬ ದರಪಟ್ಟಿ ಅದರಲ್ಲಿಲ್ಲ. ಈ ತೆರವನ್ನು ತುಂಬಿರುವುದು ಸುಪ್ರೀಂ ಕೋರ್ಟ್ ಮತ್ತು ಹೈಕೋರ್ಟ್‌ಗಳ ತೀರ್ಪುಗಳು. ಒಂದೇ ಬಗೆಯ ಗಾಯಕ್ಕೆ ಎರಡು ನ್ಯಾಯಮಂಡಳಿಗಳು ಬೇರೆ ಬೇರೆ ಮೊತ್ತ ಕೊಡುವುದಕ್ಕೂ ಮೇಲ್ಮನವಿಗಳ ಸಂಖ್ಯೆ ದೊಡ್ಡದಾಗಿರುವುದಕ್ಕೂ ಇದೇ ಕಾರಣ.

ವ್ಯಾಪ್ತಿ

ಅಪಘಾತ ನಡೆದ ಸ್ಥಳ, ಅರ್ಜಿದಾರ ವಾಸಿಸುವ ಅಥವಾ ವ್ಯವಹಾರ ನಡೆಸುವ ಸ್ಥಳ, ಎದುರುದಾರ ವಾಸಿಸುವ ಸ್ಥಳ, ಈ ಪೈಕಿ ಎಲ್ಲಿ ಬೇಕಾದರೂ ಮೂಲ ಅರ್ಜಿ ಹಾಕಬಹುದು. ವಿಮಾ ಕಂಪನಿಯ ಕಚೇರಿ ಇರುವ ಊರಿನಲ್ಲಿ ಹಾಕಿದ ಅರ್ಜಿಯನ್ನು ವ್ಯಾಪ್ತಿಯ ನೆಪದಲ್ಲಿ ತಳ್ಳಿಹಾಕಬಾರದೆಂದು ಸುಪ್ರೀಂ ಕೋರ್ಟ್ 2016ರಲ್ಲಿ ಹೇಳಿದೆ. ಹೀಗಾಗಿ ಮುಂಡಗೋಡ–ಹುಬ್ಬಳ್ಳಿ ರಸ್ತೆಯಲ್ಲಿ ಗಾಯಗೊಂಡು ಹುಬ್ಬಳ್ಳಿಯ ಆಸ್ಪತ್ರೆಯಲ್ಲಿ ಚಿಕಿತ್ಸೆ ಪಡೆದ ಅತ್ತಿವೇರಿಯವರು ಉತ್ತರ ಕನ್ನಡ ಜಿಲ್ಲೆಯ ನ್ಯಾಯಮಂಡಳಿಗೂ ಹೋಗಬಹುದು. ವಿಮಾ ಕಂಪನಿಯ ಕಚೇರಿ ಅಲ್ಲಿದ್ದರೆ ಹುಬ್ಬಳ್ಳಿಯ ನ್ಯಾಯಮಂಡಳಿಗೂ ಹೋಗಬಹುದು. ಚಿಕಿತ್ಸೆ ಕೊಟ್ಟ ವೈದ್ಯರು ಸಾಕ್ಷಿ ನುಡಿಯಲು ಬರಬೇಕಾಗುವುದರಿಂದ ಈ ಆಯ್ಕೆ ಮುಖ್ಯವಾಗುತ್ತದೆ.

ಉತ್ತರ ಕನ್ನಡದ ಮೇಲ್ಮನವಿಗಳು ಹಿಂದೆ ಬೆಂಗಳೂರಿಗೆ ಹೋಗುತ್ತಿದ್ದವು. 2008ರಲ್ಲಿ ಧಾರವಾಡದಲ್ಲಿ ಸಂಚಾರಿ ಪೀಠ ಆರಂಭವಾಯಿತು. 2013ರಲ್ಲಿ ಅದು ಕಾಯಂ ಆಯಿತು. ಧಾರವಾಡ, ಬೆಳಗಾವಿ, ಬಾಗಲಕೋಟೆ, ಗದಗ, ಹಾವೇರಿ, ಕೊಪ್ಪಳ, ಬಳ್ಳಾರಿ ಮತ್ತು ಉತ್ತರ ಕನ್ನಡದ ಪ್ರಕರಣಗಳನ್ನು ಈ ಪೀಠ ಕೇಳುತ್ತದೆ. ಘಟ್ಟದ ಮೇಲಿನ ಮುಂಡಗೋಡ, ಹಳಿಯಾಳದವರಿಗೆ ಜಿಲ್ಲಾ ಕೇಂದ್ರವಾದ ಕಾರವಾರಕ್ಕಿಂತ ಧಾರವಾಡವೇ ಹತ್ತಿರ. ಧಾರವಾಡದಲ್ಲಿ ದಾಖಲಾಗುವ ಪ್ರಕರಣಗಳಿಗೆ ಒಂದರಿಂದ ಆರಂಭವಾಗುವ ಆರಂಕಿಯ ಸಂಖ್ಯೆ ಇರುತ್ತದೆ. ಗಾಯದ ಪ್ರಕರಣಕ್ಕೆ ‘ಎಂವಿ–ಐ’, ಸಾವಿನ ಪ್ರಕರಣಕ್ಕೆ ‘ಎಂವಿ–ಡಿ’ ಎಂಬ ಗುರುತು ಸೇರುತ್ತದೆ.

ಪರಿಹಾರದ ಬಾಬ್ತುಗಳು

ಗಾಯಾಳುವಿಗೆ ಸಿಗಬೇಕಾದ ಪರಿಹಾರವನ್ನು ಬಾಬ್ತುವಾರು ವಿಂಗಡಿಸುವ ಕ್ರಮವನ್ನು ಸುಪ್ರೀಂ ಕೋರ್ಟ್ 2010ರ ರಾಜ್‌ಕುಮಾರ್ ಪ್ರಕರಣದಲ್ಲಿ ಸ್ಪಷ್ಟಪಡಿಸಿತು. ಲೆಕ್ಕಕ್ಕೆ ಸಿಗುವ ನಷ್ಟ ಒಂದು ಬಗೆಯದು: ಚಿಕಿತ್ಸೆ, ಔಷಧ, ಓಡಾಟ, ಪೌಷ್ಟಿಕ ಆಹಾರ, ಆರೈಕೆಯ ವೆಚ್ಚ, ಹಾಸಿಗೆ ಹಿಡಿದ ಅವಧಿಯ ದುಡಿಮೆ ನಷ್ಟ, ಶಾಶ್ವತ ಅಂಗವೈಕಲ್ಯದಿಂದ ಮುಂದೆ ಆಗುವ ಆದಾಯ ನಷ್ಟ, ಮುಂದಿನ ಚಿಕಿತ್ಸೆಯ ವೆಚ್ಚ. ಲೆಕ್ಕಕ್ಕೆ ಸಿಗದ ನಷ್ಟ ಇನ್ನೊಂದು ಬಗೆಯದು: ನೋವು ಮತ್ತು ಯಾತನೆ, ಬದುಕಿನ ಸೌಕರ್ಯಗಳ ನಷ್ಟ, ಮದುವೆಯ ಅವಕಾಶಕ್ಕೆ ಬಿದ್ದ ಪೆಟ್ಟು, ಆಯುಷ್ಯ ಕುಗ್ಗಿದ್ದು. ಸಣ್ಣಪುಟ್ಟ ಗಾಯಗಳಲ್ಲಿ ವೈದ್ಯಕೀಯ ವೆಚ್ಚ, ದುಡಿಮೆ ನಷ್ಟ ಮತ್ತು ನೋವಿನ ಬಾಬ್ತಿಗೆ ಮಾತ್ರ ಹಣ ಸಿಗುತ್ತದೆ. ಶಾಶ್ವತ ವೈಕಲ್ಯ ಸಾಬೀತಾದಾಗ ಉಳಿದವು ಸೇರುತ್ತವೆ.

ಇವುಗಳಲ್ಲಿ ದೊಡ್ಡದು ಮುಂದಿನ ಆದಾಯ ನಷ್ಟ. ತಿಂಗಳ ಆದಾಯವನ್ನು ಹನ್ನೆರಡರಿಂದ ಗುಣಿಸಿ, ಬಂದದ್ದನ್ನು ವಯಸ್ಸಿಗೆ ತಕ್ಕ ಗುಣಕದಿಂದ ಗುಣಿಸಿ, ಅದರಲ್ಲಿ ವೈಕಲ್ಯದ ಶೇಕಡಾವಾರು ಪಾಲನ್ನು ನಷ್ಟವೆಂದು ಲೆಕ್ಕ ಹಾಕುತ್ತಾರೆ. ಗುಣಕದ ಪಟ್ಟಿ 2009ರ ಸರಳಾ ವರ್ಮಾ ತೀರ್ಪಿನದು. 15ರಿಂದ 25 ವಯಸ್ಸಿಗೆ 18, 26ರಿಂದ 30ಕ್ಕೆ 17, 31ರಿಂದ 35ಕ್ಕೆ 16, 36ರಿಂದ 40ಕ್ಕೆ 15, 41ರಿಂದ 45ಕ್ಕೆ 14, 46ರಿಂದ 50ಕ್ಕೆ 13. ಮುಂದೆ ಇಳಿಯುತ್ತಾ 65 ದಾಟಿದವರಿಗೆ 5. ಗುಣಕದಲ್ಲಿ ತಪ್ಪಾಗಿದ್ದರೆ ಮೇಲ್ಮನವಿಯಲ್ಲಿ ಅದನ್ನು ತಿದ್ದಿಸುವುದು ಸುಲಭ. ಶಾಲಾ ದಾಖಲೆಯಲ್ಲಿನ ವಯಸ್ಸು ಸಾಕು. ವಾದ ನಡೆಯುವುದು ಆದಾಯ ಮತ್ತು ವೈಕಲ್ಯದ ಮೇಲೆ.

ಮೇಲ್ಮನವಿಯ ಆಧಾರಗಳು

ಆದಾಯ: ಅತ್ತಿವೇರಿ ಸುತ್ತಮುತ್ತಲಿನ ಹಳ್ಳಿಗಳಲ್ಲಿ ಭತ್ತ, ಗೋವಿನಜೋಳ ಬೆಳೆಯುವ ರೈತರು ಮತ್ತು ಕೂಲಿಕಾರರೇ ಹೆಚ್ಚು. ಇವರ ಬಳಿ ಸಂಬಳದ ಚೀಟಿ ಇರುವುದಿಲ್ಲ. ದಾಖಲೆ ಇಲ್ಲದಿದ್ದಾಗ ನ್ಯಾಯಮಂಡಳಿ ಅಂದಾಜಿನ ಆದಾಯ ಹಿಡಿಯುತ್ತದೆ, ಆ ಅಂದಾಜು ಹಲವು ಬಾರಿ ಕೂಲಿಯ ವಾಸ್ತವಕ್ಕಿಂತ ಕಡಿಮೆ ಇರುತ್ತದೆ. ಕರ್ನಾಟಕದಿಂದ ಸುಪ್ರೀಂ ಕೋರ್ಟ್‌ಗೆ ಹೋದ ರಾಮಚಂದ್ರಪ್ಪ ಪ್ರಕರಣದಲ್ಲಿ (2011) 2004ರಲ್ಲಿ ಗಾಯಗೊಂಡ ಕೂಲಿಕಾರ ತಿಂಗಳಿಗೆ 4,500 ರೂ. ದುಡಿಮೆ ಎಂದಿದ್ದ, ಕೆಳಗೆ 3,000 ರೂ. ಹಿಡಿಯಲಾಗಿತ್ತು. ಆ ಕಾಲದ ದಿನಗೂಲಿ 100ರಿಂದ 150 ರೂ. ಇದ್ದುದನ್ನು ಗಮನಿಸಿದ ಸುಪ್ರೀಂ ಕೋರ್ಟ್, ಕೂಲಿಕಾರನಿಂದ ದಾಖಲೆ ನಿರೀಕ್ಷಿಸುವುದು ಸರಿಯಲ್ಲವೆಂದು ಅವನ ಮಾತನ್ನೇ ಒಪ್ಪಿತು.

ಇಂಥ ಏರುಪೇರು ತಪ್ಪಿಸಲು ಕರ್ನಾಟಕ ರಾಜ್ಯ ಕಾನೂನು ಸೇವೆಗಳ ಪ್ರಾಧಿಕಾರ ಲೋಕ ಅದಾಲತ್‌ಗಳಿಗಾಗಿ ವರ್ಷವಾರು ಅಂದಾಜು ಆದಾಯದ ಪಟ್ಟಿ ಮಾಡಿದೆ. ಹೈಕೋರ್ಟ್‌ನ ಪೀಠಗಳು ಮೇಲ್ಮನವಿಗಳಲ್ಲಿಯೂ ಅದನ್ನೇ ಅನುಸರಿಸುವುದು ರೂಢಿಯಾಗಿದೆ. ಧಾರವಾಡ ಪೀಠದ ತೀರ್ಪುಗಳಲ್ಲಿ 2014ರ ಅಪಘಾತಕ್ಕೆ ತಿಂಗಳಿಗೆ 7,500 ರೂ., 2017ಕ್ಕೆ 10,250 ರೂ., 2018ಕ್ಕೆ 11,750 ರೂ. ಹಿಡಿಯುವುದು ಕಾಣುತ್ತದೆ. ಕೆಳಗಿನ ನ್ಯಾಯಮಂಡಳಿ ಇದಕ್ಕಿಂತ ಕಡಿಮೆ ಹಿಡಿದಿದ್ದರೆ ಮೇಲ್ಮನವಿಗೆ ಅದೇ ಬಲವಾದ ಆಧಾರ.

ವೈಕಲ್ಯ: ವೈದ್ಯರು ಸಾಮಾನ್ಯವಾಗಿ ಗಾಯಗೊಂಡ ಕೈ ಅಥವಾ ಕಾಲಿಗೆ ಸಂಬಂಧಿಸಿ ಇಷ್ಟು ಶೇಕಡಾ ಎಂದು ಹೇಳುತ್ತಾರೆ. ಇಡೀ ದೇಹಕ್ಕೆ ಅದರ ಮೂರನೇ ಒಂದು ಭಾಗ ಹಿಡಿಯುವುದು ಕರ್ನಾಟಕದ ನ್ಯಾಯಮಂಡಳಿಗಳ ರೂಢಿ. ಕಾಲಿಗೆ ಶೇ. 45 ಎಂದರೆ ದೇಹಕ್ಕೆ ಶೇ. 15. ಆದರೆ ನಿಜವಾಗಿ ನೋಡಬೇಕಾದ್ದು ದುಡಿಯುವ ಶಕ್ತಿ ಎಷ್ಟು ಕುಂದಿದೆ ಎಂಬುದನ್ನು. ರಾಜ್‌ಕುಮಾರ್ ತೀರ್ಪು ಕೊಡುವ ಉದಾಹರಣೆ ಇದು: ಎಡಗೈ ಕಳೆದುಕೊಂಡರೆ ದೈಹಿಕ ವೈಕಲ್ಯ ಶೇ. 60ರ ಆಸುಪಾಸು, ಗಾಯಾಳು ಚಾಲಕನೋ ಬಡಗಿಯೋ ಆಗಿದ್ದರೆ ದುಡಿಮೆಯ ನಷ್ಟ ಬಹುತೇಕ ಶೇ. 100, ಸರ್ಕಾರಿ ಗುಮಾಸ್ತನಾಗಿದ್ದರೆ ಕೆಲಸವೇ ಹೋಗದಿರಬಹುದು. ಗದ್ದೆಯಲ್ಲಿ ಬಗ್ಗಿ ನಾಟಿ ಮಾಡುವವರಿಗೆ, ಮಂಡಿಯೂರಿ ಕಳೆ ಕೀಳುವವರಿಗೆ ಮೊಣಕಾಲು ಮಡಚಲಾಗದಿರುವುದು ಎಂಥ ನಷ್ಟ ಎಂಬುದನ್ನು ಪಾಟಿ ಸವಾಲಿನಲ್ಲೂ ನಿಲ್ಲುವಂತೆ ವೈದ್ಯರ ಬಾಯಿಂದ ಹೇಳಿಸಿದ್ದರೆ, ಮೂರನೇ ಒಂದರ ರೂಢಿಯನ್ನು ಮೀರಿ ಕೇಳಲು ಸಾಧ್ಯ. ವೈದ್ಯರು ಸಾಕ್ಷಿಗೆ ಬರದೆ ಬರೀ ಪ್ರಮಾಣಪತ್ರ ಹಾಜರಾದ ಪ್ರಕರಣಗಳಲ್ಲಿ ಮೇಲ್ಮನವಿ ಸೊರಗುತ್ತದೆ.

ಮುಂದಿನ ಆದಾಯ ವೃದ್ಧಿ: 2017ರ ಪ್ರಣಯ್ ಸೇಠಿ ಪ್ರಕರಣದಲ್ಲಿ ಸಂವಿಧಾನ ಪೀಠವು ಸ್ವಂತ ದುಡಿಮೆಯವರಿಗೆ 40 ವರ್ಷದೊಳಗಿದ್ದರೆ ಶೇ. 40, 40ರಿಂದ 50ಕ್ಕೆ ಶೇ. 25, 50ರಿಂದ 60ಕ್ಕೆ ಶೇ. 10ರಷ್ಟು ಆದಾಯ ಸೇರಿಸಬೇಕೆಂದಿತು. ಅದು ಸಾವಿನ ಪ್ರಕರಣ. ಗಾಯಾಳುಗಳಿಗೂ ಈ ಸೇರ್ಪಡೆ ಸಲ್ಲುತ್ತದೆಂದು 2020ರ ಪಪ್ಪು ದೇವ್ ಯಾದವ್ ತೀರ್ಪು ಹೇಳಿತು. ಅಂಗಚ್ಛೇದನದಂಥ ತೀವ್ರ ವೈಕಲ್ಯದಲ್ಲಿ ಈ ವಾದ ಹೆಚ್ಚು ಸಲೀಸಾಗಿ ಒಪ್ಪಿತವಾಗುತ್ತದೆ.

ಮಕ್ಕಳು: ಆದಾಯವೇ ಇಲ್ಲದ ಮಕ್ಕಳಿಗೆ 2013ರ ಮಲ್ಲಿಕಾರ್ಜುನ ಪ್ರಕರಣ ಒಟ್ಟು ಮೊತ್ತದ ಮೆಟ್ಟಿಲು ಹಾಕಿಕೊಟ್ಟಿತು. ವೈಕಲ್ಯ ಶೇ. 10ರವರೆಗೆ ಇದ್ದರೆ 1 ಲಕ್ಷ ರೂ., 30ರವರೆಗೆ 3 ಲಕ್ಷ, 60ರವರೆಗೆ 4 ಲಕ್ಷ, 90ರವರೆಗೆ 5 ಲಕ್ಷ, ಅದಕ್ಕೂ ಮೇಲೆ 6 ಲಕ್ಷ. ಚಿಕಿತ್ಸಾ ವೆಚ್ಚ ಮತ್ತು ಆರೈಕೆದಾರರ ವೆಚ್ಚ ಬೇರೆ. 2020ರ ಕಾಜಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇನ್ನೂ ಮುಂದೆ ಹೋಗಿ, ಪೂರ್ತಿ ಪರಾವಲಂಬಿಯಾದ ಬಾಲಕಿಗೆ ಆದಾಯ ನಷ್ಟವನ್ನಷ್ಟೇ ಅಲ್ಲ, ಆರೈಕೆದಾರರ ಖರ್ಚನ್ನೂ ಗುಣಕ ಹಾಕಿ ಲೆಕ್ಕಿಸಿತು.

ಸಹ ನಿರ್ಲಕ್ಷ್ಯ ಮತ್ತು ಹೊಣೆ: ಗಾಯಾಳುವಿನ ತಪ್ಪೂ ಇದೆಯೆಂದು ನ್ಯಾಯಮಂಡಳಿ ಪರಿಹಾರದಲ್ಲಿ ಒಂದು ಪಾಲು ಕಡಿತ ಮಾಡಿದ್ದರೆ ಅದನ್ನೂ ಪ್ರಶ್ನಿಸಬಹುದು. ಗಾಯಾಳುವಿನ ಬಳಿ ಚಾಲನಾ ಪರವಾನಗಿ ಇಲ್ಲದ ಮಾತ್ರಕ್ಕೆ ಅವನ ನಿರ್ಲಕ್ಷ್ಯ ಸಾಬೀತಾಗುವುದಿಲ್ಲ. ಕಬ್ಬು ಸಾಗಿಸುವ ಟ್ರ್ಯಾಕ್ಟರ್‌ಗಳು ಹೆಚ್ಚಿರುವ ಹಳಿಯಾಳದಂಥ ಕಡೆ ಟ್ರೇಲರ್ ಮೇಲೆ ಕೂತು ಹೋಗುತ್ತಿದ್ದವರಿಗೆ ವಿಮೆ ಅನ್ವಯಿಸದು ಎಂಬ ವಾದ ಬರುತ್ತದೆ. ವಿಮಾ ಕಂಪನಿ ಹೊಣೆಯಿಂದ ಪಾರಾದರೆ ಮಾಲೀಕನಿಂದ ಹಣ ವಸೂಲಾಗುವುದು ದುಸ್ತರ. ಆಗ ಮೊತ್ತದಷ್ಟೇ ಹೊಣೆಯ ಪ್ರಶ್ನೆಯೂ ಮೇಲ್ಮನವಿಯ ವಿಷಯವಾಗುತ್ತದೆ. ಪಾಲಿಸಿಯ ಷರತ್ತು ಮುರಿದಿದ್ದರೂ ಮೂರನೆಯ ವ್ಯಕ್ತಿಗೆ ಕಂಪನಿ ಮೊದಲು ಹಣ ಕೊಟ್ಟು, ಆಮೇಲೆ ಮಾಲೀಕನಿಂದ ವಸೂಲು ಮಾಡಿಕೊಳ್ಳಬೇಕೆಂದು ಕರ್ನಾಟಕ ಹೈಕೋರ್ಟ್‌ನ ಪೂರ್ಣ ಪೀಠ 2020ರಲ್ಲಿ ತೀರ್ಪು ನೀಡಿದೆ. ವಾಯವ್ಯ ಕರ್ನಾಟಕ ರಸ್ತೆ ಸಾರಿಗೆ ಸಂಸ್ಥೆಯ ಬಸ್ಸಿನಿಂದ ಅಪಘಾತವಾದರೆ ಈ ತೊಡಕಿಲ್ಲ. ಸಂಸ್ಥೆ ತನ್ನದೇ ಆಂತರಿಕ ವಿಮಾ ನಿಧಿಯಿಂದ ಪಾವತಿ ಮಾಡುತ್ತದೆ.

ಕಾಲಮಿತಿ ಮತ್ತು ಮೊತ್ತದ ಮಿತಿ

ಐತೀರ್ಪಿನ ದಿನದಿಂದ 90 ದಿನಗಳೊಳಗೆ ಮೇಲ್ಮನವಿ ಸಲ್ಲಿಸಬೇಕು. ದೃಢೀಕೃತ ನಕಲು ಪಡೆಯಲು ಹಿಡಿದ ಸಮಯ ಈ ಲೆಕ್ಕದಿಂದ ಹೊರಗೆ. ತಡವಾದರೆ ಸಾಕಷ್ಟು ಕಾರಣ ತೋರಿಸಿ, ಅಫಿಡವಿಟ್‌ನೊಂದಿಗೆ ವಿಳಂಬ ಮನ್ನಾ ಅರ್ಜಿ ಹಾಕಬೇಕು. ಗಾಯಾಳುಗಳ ವಿಷಯದಲ್ಲಿ ಹೈಕೋರ್ಟ್ ಇದನ್ನು ಉದಾರವಾಗಿ ನೋಡುತ್ತದೆ, ಆದರೆ ತಡವಾದ ದಿನಗಳ ಬಡ್ಡಿಯನ್ನು ಹೆಚ್ಚಳದ ಮೊತ್ತದ ಮೇಲೆ ಕೊಡದಿರುವುದು ಸಾಮಾನ್ಯ. ವಿವಾದದ ಮೊತ್ತ ಒಂದು ಲಕ್ಷ ರೂಪಾಯಿಗಿಂತ ಕಡಿಮೆ ಇದ್ದರೆ ಮೇಲ್ಮನವಿಗೆ ಅವಕಾಶವಿಲ್ಲ. 2022ರಲ್ಲಿ ತಿದ್ದುಪಡಿ ಜಾರಿಯಾಗುವ ಮುನ್ನ ಈ ಮಿತಿ 10,000 ರೂ. ಇತ್ತು.

ಹಣ ಕೊಡಬೇಕಾದ ಪಕ್ಷ ಮೇಲ್ಮನವಿ ಹೂಡುವುದಾದರೆ 25,000 ರೂ. ಅಥವಾ ಐತೀರ್ಪಿನ ಅರ್ಧ, ಇವೆರಡರಲ್ಲಿ ಕಡಿಮೆಯಾದುದನ್ನು ಠೇವಣಿ ಇಡಬೇಕು. ಹೆಚ್ಚಳ ಕೇಳುವ ಗಾಯಾಳುವಿಗೆ ಠೇವಣಿಯ ನಿಯಮವಿಲ್ಲ. ಕೆಳಗೆ ಕೊಟ್ಟ ಮೊತ್ತವನ್ನು ತೆಗೆದುಕೊಂಡರೂ ಹೆಚ್ಚಳ ಕೇಳುವ ಹಕ್ಕು ಹೋಗುವುದಿಲ್ಲ.

ವಿಚಾರಣೆಯ ಕ್ರಮ

ಮೇಲ್ಮನವಿಯ ಜ್ಞಾಪಕದೊಂದಿಗೆ ಐತೀರ್ಪಿನ ದೃಢೀಕೃತ ನಕಲು, ವಕಾಲತ್ತು, ಬಾಬ್ತುವಾರು ಎಷ್ಟು ಸಿಕ್ಕಿದೆ, ಎಷ್ಟು ಸಿಗಬೇಕಿತ್ತು ಎಂಬ ವಿವರ ಸಲ್ಲಿಸಬೇಕು. ಕಚೇರಿ ಆಕ್ಷೇಪಣೆಗಳನ್ನು ಸರಿಪಡಿಸಿದ ಮೇಲೆ ವಾಹನ ಮಾಲೀಕ ಮತ್ತು ವಿಮಾ ಕಂಪನಿಗೆ ನೋಟಿಸು ಹೋಗುತ್ತದೆ. ಕೆಳಗಿನ ಕಡತ ತರಿಸಿಕೊಂಡು ಗಾಯದ ಪ್ರಮಾಣಪತ್ರ, ಡಿಸ್ಚಾರ್ಜ್ ಸಾರಾಂಶ, ಎಕ್ಸ್‌ರೇ, ಬಿಲ್ಲುಗಳು, ವೈದ್ಯರ ಸಾಕ್ಷ್ಯ ಇವನ್ನು ನ್ಯಾಯಾಲಯ ಪರಿಶೀಲಿಸುತ್ತದೆ. ಗಾಯಾಳು ಪ್ರತಿ ಬಾರಿ ಹಾಜರಾಗಬೇಕಿಲ್ಲ. ಐತೀರ್ಪಿನ ನಂತರ ಮತ್ತೊಂದು ಶಸ್ತ್ರಚಿಕಿತ್ಸೆ ಆಗಿದ್ದರೆ ಹೆಚ್ಚುವರಿ ಸಾಕ್ಷ್ಯಕ್ಕೆ ಸಿವಿಲ್ ಪ್ರಕ್ರಿಯಾ ಸಂಹಿತೆಯ 41ನೇ ಆದೇಶದ 27ನೇ ನಿಯಮದಡಿ ಅನುಮತಿ ಕೇಳಬಹುದು. ವೈಕಲ್ಯದ ಬಗ್ಗೆ ಸಾಕ್ಷ್ಯವೇ ಸಾಲದೆಂದು ಕಂಡರೆ ಪ್ರಕರಣವನ್ನು ಮರುವಿಚಾರಣೆಗೆ ಕೆಳಗೆ ಕಳಿಸುವುದೂ ಉಂಟು.

ಅರ್ಜಿಯಲ್ಲಿ ಕೇಳಿದ್ದಕ್ಕಿಂತ ಹೆಚ್ಚು ಕೊಡಲು ಅಡ್ಡಿಯಿಲ್ಲವೆಂದು ಸುಪ್ರೀಂ ಕೋರ್ಟ್ 2002ರ ನಾಗಪ್ಪ ಪ್ರಕರಣದಲ್ಲಿ ಹೇಳಿದೆ. ವಿಮಾ ಕಂಪನಿ ಮೊದಲು ಮೇಲ್ಮನವಿ ಹೂಡಿದ್ದರೆ ಗಾಯಾಳು ಪ್ರತ್ಯಾಕ್ಷೇಪ ಸಲ್ಲಿಸಿ ಹೆಚ್ಚಳ ಕೇಳಬಹುದು. ಇಬ್ಬರೂ ಮೇಲ್ಮನವಿ ಹೂಡಿದಾಗ ಎರಡನ್ನೂ ಒಟ್ಟಿಗೆ ಕೇಳುತ್ತಾರೆ. ಆಗ ಮೊತ್ತ ಏರಲೂಬಹುದು, ಇಳಿಯಲೂಬಹುದು. ಮೇಲ್ಮನವಿ ಬಾಕಿಯಿರುವಾಗ ಗಾಯಾಳು ಬೇರೆ ಕಾರಣದಿಂದ ತೀರಿಕೊಂಡರೆ ಏನಾಗುತ್ತದೆ ಎಂಬುದು ಬಹುಕಾಲದ ವಿವಾದ. ವೈಯಕ್ತಿಕ ಗಾಯದ ಹಕ್ಕು ವ್ಯಕ್ತಿಯೊಂದಿಗೇ ಕೊನೆಗೊಳ್ಳುತ್ತದೆಂದು ಕರ್ನಾಟಕ ಹೈಕೋರ್ಟ್‌ನ ಪೂರ್ಣ ಪೀಠ 1990ರ ಕಣ್ಣಮ್ಮ ಪ್ರಕರಣದಲ್ಲಿ ಹೇಳಿತ್ತು. ಚಿಕಿತ್ಸಾ ವೆಚ್ಚ, ಆದಾಯ ನಷ್ಟದಂತೆ ಆಸ್ತಿಗೆ ಸೇರುವ ಬಾಬ್ತುಗಳನ್ನು ವಾರಸುದಾರರು ಮುಂದುವರಿಸಬಹುದೆಂದು ಸುಪ್ರೀಂ ಕೋರ್ಟ್ 2021ರಲ್ಲಿ ತೀರ್ಪಿತ್ತಿದೆ.

ಲೆಕ್ಕದ ಒಂದು ಮಾದರಿ

2018ರಲ್ಲಿ ಬೈಕಿಗೆ ಲಾರಿ ಬಡಿದು ಬಲಗಾಲಿನ ಮೂಳೆ ಮುರಿದ, ಅತ್ತಿವೇರಿ ಕಡೆಯ 32 ವರ್ಷದ ಕೃಷಿ ಕೂಲಿಕಾರನೊಬ್ಬನನ್ನು ಕಲ್ಪಿಸಿಕೊಳ್ಳಬಹುದು. ಕಾಲಿಗೆ ಶೇ. 45 ವೈಕಲ್ಯವೆಂದು ವೈದ್ಯರು ನುಡಿದಿದ್ದರೂ ನ್ಯಾಯಮಂಡಳಿ ದೇಹಕ್ಕೆ ಶೇ. 10 ಮಾತ್ರ ಒಪ್ಪಿ, ತಿಂಗಳ ಆದಾಯ 8,000 ರೂ. ಹಿಡಿದಿದೆ ಎಂದುಕೊಂಡರೆ, ಗುಣಕ 16ರಂತೆ ಮುಂದಿನ ಆದಾಯ ನಷ್ಟ 1,53,600 ರೂ. ಮೂರು ತಿಂಗಳ ದುಡಿಮೆ ನಷ್ಟ 24,000, ನೋವು ಯಾತನೆಗೆ 30,000, ಸೌಕರ್ಯ ನಷ್ಟಕ್ಕೆ 20,000, ಆರೈಕೆ, ಆಹಾರ, ಓಡಾಟಕ್ಕೆ 10,000, ಬಿಲ್ಲಿನ ಪ್ರಕಾರ ಚಿಕಿತ್ಸೆಗೆ 60,000 ರೂ. ಸೇರಿ ಒಟ್ಟು 2,97,600 ರೂ. ಆಗುತ್ತದೆ.

ಮೇಲ್ಮನವಿಯಲ್ಲಿ, ಆದಾಯ ವೃದ್ಧಿಯನ್ನು ಸೇರಿಸದೆ, ಆದಾಯ 11,750 ರೂ., ವೈಕಲ್ಯ ಶೇ. 15 ಎಂದು ಸರಿಪಡಿಸಿದರೆ ಮುಂದಿನ ಆದಾಯ ನಷ್ಟವೊಂದೇ 3,38,400 ರೂ. ದುಡಿಮೆ ನಷ್ಟ 35,250 ರೂ.ಗೆ ಏರುತ್ತದೆ. ನೋವಿನ ಬಾಬ್ತು 50,000, ಸೌಕರ್ಯ ನಷ್ಟ 40,000, ಆರೈಕೆ ಇತ್ಯಾದಿ 20,000 ಆಗಿ, ಚಿಕಿತ್ಸೆಯ 60,000 ಹಾಗೆಯೇ ಉಳಿದರೆ ಒಟ್ಟು 5,43,650 ರೂ. ಹೆಚ್ಚಳ 2,46,050 ರೂ. ಇದರಲ್ಲಿ ಮುಂದಿನ ಆದಾಯ ನಷ್ಟದ ಬಾಬ್ತಿನ 1,84,800 ರೂ. ಬಂದದ್ದು ಆದಾಯ ಮತ್ತು ವೈಕಲ್ಯದ ಎರಡು ತಿದ್ದುಪಡಿಗಳಿಂದಲೇ. ಶೇ. 6ರ ಸರಳ ಬಡ್ಡಿಯಂತೆ ಹೆಚ್ಚಳದ ಮೇಲೆ ವರ್ಷಕ್ಕೆ 14,763 ರೂ. ಸೇರುತ್ತದೆ. ಮೇಲ್ಮನವಿ 200 ದಿನ ತಡವಾಗಿ, ಆ ಅವಧಿಯ ಬಡ್ಡಿ ನಿರಾಕರಿಸಲ್ಪಟ್ಟರೆ ಸುಮಾರು 8,000 ರೂ. ಕೈತಪ್ಪುತ್ತದೆ.

ಬಡ್ಡಿ, ಪಾವತಿ ಮತ್ತು ರಾಜಿ

ಬಡ್ಡಿಯನ್ನು ಮೂಲ ಅರ್ಜಿ ಸಲ್ಲಿಸಿದ ದಿನದಿಂದ ಹಣ ಜಮೆಯಾಗುವವರೆಗೆ ಲೆಕ್ಕ ಹಾಕುತ್ತಾರೆ. ಕರ್ನಾಟಕದಲ್ಲಿ ಶೇ. 6 ಸಾಮಾನ್ಯ ದರ. ಇನ್ನೂ ಮಾಡಿಲ್ಲದ ಮುಂದಿನ ಚಿಕಿತ್ಸೆಯ ವೆಚ್ಚಕ್ಕೆ ಬಡ್ಡಿ ಇರುವುದಿಲ್ಲ. ಹೆಚ್ಚಳದ ಹಣವನ್ನು ವಿಮಾ ಕಂಪನಿ ಕೆಳಗಿನ ನ್ಯಾಯಮಂಡಳಿಗೆ ಜಮಾ ಮಾಡಬೇಕು. ಅನಕ್ಷರಸ್ಥರು, ಅಪ್ರಾಪ್ತ ವಯಸ್ಕರ ಹಣದ ಒಂದು ಭಾಗವನ್ನು ಬ್ಯಾಂಕಿನಲ್ಲಿ ನಿಶ್ಚಿತ ಠೇವಣಿ ಇಡಿಸುವ ಪದ್ಧತಿ 1993ರ ಸುಸಮ್ಮ ಥಾಮಸ್ ತೀರ್ಪಿನಿಂದ ಬಂದದ್ದು. ಹಣ ಕೊಡದಿದ್ದರೆ 174ನೇ ಕಲಮಿನಡಿ ಭೂಕಂದಾಯದ ಬಾಕಿಯಂತೆ ವಸೂಲು ಮಾಡಬಹುದು.

ಹೈಕೋರ್ಟ್‌ನಲ್ಲಿ ಬಾಕಿ ಇರುವ ಮೇಲ್ಮನವಿಗಳನ್ನೂ ಲೋಕ ಅದಾಲತ್‌ಗೆ ಒಯ್ಯಬಹುದು. ಅಲ್ಲಿ ವಿಮಾ ಕಂಪನಿಯ ಅಧಿಕಾರಿ, ವಕೀಲರು, ಗಾಯಾಳು ಕೂತು ಒಂದು ಮೊತ್ತಕ್ಕೆ ಒಪ್ಪುತ್ತಾರೆ. ಹಣ ಬೇಗ ಕೈಸೇರುವುದು ಇದರ ಲಾಭ. ಆದರೆ 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆಯ ಪ್ರಕಾರ ಅದಾಲತ್‌ನ ಐತೀರ್ಪು ಅಂತಿಮ. ಸಹಿ ಹಾಕಿದ ಮೇಲೆ ಮೊತ್ತ ಕಡಿಮೆಯಾಯಿತೆಂದು ಮೇಲ್ಮನವಿ ಹೂಡಲು ಬರುವುದಿಲ್ಲ.

ಸುಪ್ರೀಂ ಕೋರ್ಟ್ ಮತ್ತು ಕಾನೂನು ನೆರವು

ಹೈಕೋರ್ಟ್ ತೀರ್ಪಿನ ಮೇಲೆ ಎರಡನೇ ಮೇಲ್ಮನವಿ ಕಾಯ್ದೆಯಲ್ಲಿಲ್ಲ. ಸಂವಿಧಾನದ 136ನೇ ವಿಧಿಯಡಿ ಸುಪ್ರೀಂ ಕೋರ್ಟ್‌ನಲ್ಲಿ ವಿಶೇಷ ಅನುಮತಿ ಅರ್ಜಿ ಸಲ್ಲಿಸಬಹುದು. ಅನುಮತಿ ಕೊಡುವುದು ಬಿಡುವುದು ಆ ನ್ಯಾಯಾಲಯದ ವಿವೇಚನೆ. ಮೇಲೆ ಹೇಳಿದ ರಾಮಚಂದ್ರಪ್ಪ ಪ್ರಕರಣ ಈ ದಾರಿಯಲ್ಲೇ ಅಲ್ಲಿಗೆ ತಲುಪಿದ್ದು.

ಮಹಿಳೆಯರು, ಮಕ್ಕಳು, ಅಂಗವಿಕಲರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು ಹಾಗೂ ನಿಗದಿತ ಆದಾಯ ಮಿತಿಯೊಳಗಿನವರಿಗೆ 1987ರ ಕಾಯ್ದೆಯ 12ನೇ ಕಲಮಿನಡಿ ಉಚಿತ ವಕೀಲರ ನೆರವು ದೊರೆಯುತ್ತದೆ. ಮುಂಡಗೋಡ, ಹಳಿಯಾಳ, ಯಲ್ಲಾಪುರ ಭಾಗದ ಸಿದ್ದಿಗಳು 2003ರಿಂದ ಪರಿಶಿಷ್ಟ ಪಂಗಡದ ಪಟ್ಟಿಯಲ್ಲಿರುವುದರಿಂದ ಆದಾಯ ಎಷ್ಟೇ ಇದ್ದರೂ ಈ ನೆರವಿಗೆ ಅರ್ಹರು. ನೆರವಿನ ಅರ್ಜಿಯನ್ನು ತಾಲೂಕು ಕಾನೂನು ಸೇವಾ ಸಮಿತಿಯ ಮೂಲಕ ಇಲ್ಲವೇ ಧಾರವಾಡದಲ್ಲಿರುವ ಹೈಕೋರ್ಟ್ ಕಾನೂನು ಸೇವಾ ಸಮಿತಿಗೆ ಸಲ್ಲಿಸಬಹುದು. 90 ದಿನಗಳ ಗಡುವು ಈ ಅರ್ಜಿದಾರರಿಗೂ ಅನ್ವಯಿಸುತ್ತದೆ.